ದಪ್ಪಣ್ಣನ ಸರದಿ

ಲೈಟ್ ಆರಿಸಬೇಡಿ, ಇರಲಿ. ದೆವ್ವದ ಕತೆಗೆ ಕತ್ತಲೆ ಬೇಕು ಅಂತ ಯಾರು ಹೇಳಿದ್ದು? ನಾನು ಹೇಳೋದರಲ್ಲಿ ನಡೆದದ್ದೆಲ್ಲ ಹಗಲಲ್ಲೇ. ಕಿಟಕಿ ತೆಗೆದಿತ್ತು, ಬಿಸಿಲು ಬೀಳ್ತಿತ್ತು. ರಾತ್ರಿ ನಡೆದದ್ದು ಒಂದೇ... ನಾನು ಅದನ್ನ ಕೇಳಿದ್ದು.

ಅವತ್ತು ನಮ್ಮ ಸೋದರತ್ತೆ ಮಗನನ್ನ ಅವನ ಮನೆಗೆ ಬಿಟ್ಟು ಬರೋಕೆ ಹೊರಟಿದ್ದೆ. ಹೊತ್ತಾಗಿತ್ತು. ಬೀದಿ ಕೊನೇಲಿ ಒಂದು ಹಾಳು ಬಾವಿ ಇದೆ, ಮೇಲೆ ಕಬ್ಬಿಣದ ಜಾಲರಿ ಹಾಕಿದಾರೆ. ಗಾಳಿ ಬೀಸಿದರೆ ಅದು ‘ಕಿರ್ರ್... ಕಿರ್ರ್...’ ಅನ್ನುತ್ತೆ. ಚಿಕ್ಕವರಿದ್ದಾಗ ಅಲ್ಲಿಂದ ಉಸಿರು ಬಿಗಿಹಿಡಿದು ಓಡ್ತಿದ್ವಿ. ಅವತ್ತು ಅವನು ಓಡಲಿಲ್ಲ. ಬಾವಿ ಕಟ್ಟೆ ಮೇಲೆ ಸೋಫಾ ಮೇಲೆ ಕೂತ ಹಾಗೆ ಕೂತುಬಿಟ್ಟ. ಹೆಗಲ ಮೇಲೆ ಒದ್ದೆ ಟವೆಲ್, ಕೈಯಲ್ಲಿ ಸೋಪಿನ ಡಬ್ಬಿ.

“ಏಳೋ ಮಾರಾಯ, ಕೂರೋಕೆ ಬೇರೆ ಜಾಗ ಸಿಗಲಿಲ್ವಾ?”

“ಇಲ್ಲಿ ಭಯ ಇಲ್ಲ ಭಾವ,” ಅಂದ, ಪಿಸುದನಿಯಲ್ಲಿ. “ಈ ಬಾವೀಲಿರೋರಿಗೂ ನನಗೂ ಪರಿಚಯ ಇಲ್ಲ.”

“ಮತ್ತೆ ಭಯ ಎಲ್ಲಿ?”

“ಮನೇಲಿ.”

ಇವನು ಯಾರು ಅಂತ ಮೊದಲು ಹೇಳಿಬಿಡ್ತೀನಿ. ವಾಚ್ ರಿಪೇರಿ ಮಾಡ್ತಾನೆ. ಒಣಕಲು ಆಳು. ಎಲ್ಲರೂ ಮುಳ್ಳು ಅಂತಾನೇ ಕರೆಯೋದು, ಗಡಿಯಾರದ ಮುಳ್ಳು. ಮದುವೆ ಆಗಿಲ್ಲ. ಅವನಣ್ಣ ದಪ್ಪಣ್ಣ. ಯಾಕೆ ಹಾಗಂತಾರೆ ಅಂತ ವಿವರಿಸೋದು ಬೇಡ ಅಲ್ವಾ. ಪ್ರಿಂಟಿಂಗ್ ಪ್ರೆಸ್ಸಿಗೆ ಮನೇಲೇ ಕೂತು ಟೈಪ್ ಮಾಡಿ ಕೊಡ್ತಿದ್ದ. ಒಂದೇ ಮನೆ. ಕೆಳಗೆ ಹಜಾರ, ಅಡುಗೆಮನೆ, ಬಚ್ಚಲು. ಹೊರಗಿನ ಮೆಟ್ಟಿಲು ಹತ್ತಿದರೆ ಮಹಡಿ ಮೇಲೆ ಒಂದು ರೂಮು. ಮನೆಗೆಲ್ಲ ಬೆಳಕು ಬರೋದು ಆ ರೂಮಿಗೆ ಮಾತ್ರ. ಅದರಲ್ಲಿ ದಪ್ಪಣ್ಣ. ಕೆಳಗೆ ಕತ್ತಲೇಲಿ, ಟ್ಯೂಬ್‌ಲೈಟ್ ಅಡಿ, ಒಂದು ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಮುಳ್ಳು.

ಇಬ್ಬರೂ ಮಾತು ಬಿಟ್ಟು ಎಷ್ಟೋ ವರ್ಷ ಆಗಿತ್ತು. ಏನಿದ್ದರೂ ಅತ್ತಿಗೆ ಮೂಲಕ. ದಪ್ಪಣ್ಣನ ಹೆಂಡತಿ, ಆಸ್ಪತ್ರೆ ಲಾಂಡ್ರೀಲಿ ಕೆಲಸ. “ಅವನಿಗೆ ಹೇಳು, ನಲ್ಲಿ ತಿರುಗಿಸಿ ಬರಲಿ.” “ಅವನಿಗೆ ಹೇಳಿ ಅತ್ತಿಗೆ, ನಲ್ಲಿ ನಾನು ಮುಟ್ಟೇ ಇಲ್ಲ.” ಒಂದೇ ಹಜಾರದಲ್ಲಿ, ಎದುರುಬದುರು ಕೂತು. ಆಯಮ್ಮ ಮಧ್ಯದಲ್ಲಿ ಈ ಕಡೆ ಆ ಕಡೆ ತಿರುಗ್ತಾ, ಟೇಬಲ್ ಫ್ಯಾನ್ ಥರ.

ಜಗಳ ಯಾತಕ್ಕೆ? ನಗಬೇಡಿ. ಒಂದು ಕಂಪ್ಯೂಟರ್ ಆಟಕ್ಕೆ.

ಇಬ್ಬರೂ ಮೀಸೆ ಬರೋ ವಯಸ್ಸಲ್ಲಿದ್ದಾಗ ಮನೆಗೆ ಹಳೇ ವಿಂಡೋಸ್ ಕಂಪ್ಯೂಟರ್ ಬಂತು. ಅದರಲ್ಲಿ ಒಂದು ಕೋಟೆ ಆಟ. ಇಬ್ಬರು ರಾಜರು. ಒಬ್ಬ ತನ್ನ ಸೈನ್ಯ ನಡೆಸಿ ‘ಸರದಿ ಮುಗೀತು’ ಅಂತ ಒತ್ತಬೇಕು, ಆಮೇಲೆ ಇನ್ನೊಬ್ಬ ಕೂರಬೇಕು. ಕೋಟೆಗಳಿಗೆ ನಾವೇ ಹೆಸರಿಡಬಹುದು. ಇವರು ಮನೆ ಜಾಗಗಳ ಹೆಸರೇ ಇಟ್ಟರು. ಅಡುಗೆಮನೆ ಕೋಟೆ, ಬಚ್ಚಲು ಕೋಟೆ, ಹಜಾರ, ಹಿತ್ತಲು, ಮಹಡಿ. ಪಣ ಏನಪ್ಪಾ ಅಂದ್ರೆ, ಗೆದ್ದವನಿಗೆ ಮಹಡಿ ರೂಮು. ಕಂಪ್ಯೂಟರಲ್ಲಲ್ಲ, ನಿಜವಾದ ರೂಮು.

ಇದಕ್ಕೊಂದು ಕಟ್ಟುನಿಟ್ಟಾದ ನಿಯಮ ಮಾಡ್ಕೊಂಡಿದ್ದರು. ಒಬ್ಬನ ನಡೆ ಇನ್ನೊಬ್ಬ ನೋಡಬಾರದು. ಸರದಿ ಮುಗಿದವನು ಬೆರಳ ಗೆಣ್ಣಿಂದ ಮೇಜಿಗೆ ‘ಟಕ್ ಟಕ್’ ಅಂತ ಬಡಿದು, ಎದ್ದು, ಗೋಡೆಗೆ ಮುಖ ಮಾಡಿ ನಿಲ್ಲಬೇಕು. ಇನ್ನೊಬ್ಬ ಆಡಿ ಮುಗಿಸಿ ‘ಟಕ್ ಟಕ್’ ಅನ್ನೋವರೆಗೂ ತಿರುಗೋ ಹಾಗಿಲ್ಲ. ತಿರುಗಿದರೆ ಒಂದು ಕೋಟೆ ದಂಡ. ನಾನೇ ಎಷ್ಟೋ ಸಲ ಹೋದಾಗ ಅಣ್ಣ ಕಂಪ್ಯೂಟರ್ ಮುಂದೆ, ತಮ್ಮ ಮೇಷ್ಟ್ರು ನಿಲ್ಲಿಸಿದ ಹಾಗೆ ಗೋಡೆ ಮುಂದೆ.

ಆಟ ಮುಗಿಯೋ ಹೊತ್ತಿಗೆ ಸರಿಯಾಗಿ ಕಂಪ್ಯೂಟರಿಂದ ‘ಚಟ್’ ಅಂತ ಶಬ್ದ ಬಂತು, ಹೊಗೆ ಬಂತು, ಆಮೇಲೆ ಏನೂ ಬರಲಿಲ್ಲ. ಮುಳ್ಳು ಅಂತಾನೆ, ಗೆಲ್ಲೋದು ತಾನೇ ಆಗಿತ್ತು ಅಂತ. ದಪ್ಪಣ್ಣನೂ ಅದನ್ನೇ ಅಂದ, ಹಾಸಿಗೆ ಸುತ್ತಿಕೊಂಡು ಮಹಡಿ ಹತ್ತಿದ. ಆ ರೂಮು ಬಿಡಲೇ ಇಲ್ಲ.

ಬಿಟ್ಟದ್ದು ಈಗ... ಹೋದ ಬೇಸಿಗೇಲಿ. ಬಸ್ಸಿಗೆ ಕಾಯ್ತಾ ನಿಂತಿದ್ದ, ಎದೆ ಹಿಡ್ಕೊಂಡ, ಅಷ್ಟೇ.

ಮುಳ್ಳು ತಿಂಗಳು ಕಾದ. ಆಮೇಲೆ ತನ್ನ ಸಾಮಾನು ಮೇಲೆ ಸಾಗಿಸಿದ. ಕಿಟಕಿ ಪಕ್ಕ ಮೇಜು, ಗೋಡೆ ತುಂಬ ರಿಪೇರಿಗೆ ಬಂದ ಗಡಿಯಾರ. ಕಣ್ಣು ಮಂಜಾಗ್ತಿತ್ತು ಅವನಿಗೆ, ಆ ಬೆಳಕಿಲ್ಲದೆ ಇನ್ನು ಕೆಲಸ ಆಗಲ್ಲ ಅಂತ ಡಾಕ್ಟರೂ ಹೇಳಿದ್ದರು. ಅಣ್ಣನದು ಅಂತ ಉಳಿಸಿಕೊಂಡದ್ದು ಒಂದೇ, ಕುರ್ಚಿ. ಮೇಲೆ ಕೆಳಗೆ ಮಾಡೋ ಗ್ಯಾಸ್ ಕುರ್ಚಿ. ಅದು ಕೆಟ್ಟಿತ್ತು. ಕೂತರೆ ‘ಪುಸ್ಸ್...’ ಅಂತ ತಾನೇ ಇಳಿಯುತ್ತೆ, ಎದ್ದರೆ ತಾನೇ ಮೇಲೆ ಬರುತ್ತೆ. ಮುಳ್ಳು ಕೂತರೆ ಅರ್ಧ ಇಳಿಯೋದು. ದಪ್ಪಣ್ಣ ಕೂತರೆ ಪೂರ್ತಿ, ಕೊನೇಲಿ ‘ಡುಬ್’ ಅಂತ.

ರೂಮು ಸಿಕ್ಕಿತಲ್ಲ, ಸುಮ್ಮನಿರಬಹುದಿತ್ತು ತಾನೇ? ಇಲ್ಲ. ಅಟ್ಟದ ಮೇಲೆ ಹಳೇ ಕಂಪ್ಯೂಟರಿನ ಡಿಸ್ಕ್ ಸಿಕ್ಕಿತು. ಮೊಬೈಲ್ ಅಂಗಡಿಯವಳ ಹತ್ತಿರ ತಗೊಂಡು ಹೋದ. ಆಟ ಇತ್ತು, ಅವತ್ತು ಸೇವ್ ಮಾಡಿದ್ದೂ ಇತ್ತು. ಅವಳು ಅದನ್ನ ಇವನ ಆಂಡ್ರಾಯ್ಡ್ ಟ್ಯಾಬ್ಲೆಟ್ಟಿಗೆ ಹಾಕಿ, ಜೊತೆಗೆ ಒಂದು ಎಮ್ಯುಲೇಟರ್ ಹಾಕಿಕೊಟ್ಟಳು.

“ಇದೇನು ಮಾಡುತ್ತಮ್ಮ?”

“ಆಟಕ್ಕೆ ಸುಳ್ಳು ಹೇಳುತ್ತೆ ಅಂಕಲ್. ನೀನಿನ್ನೂ ಅದೇ ಹಳೇ ಕಂಪ್ಯೂಟರಲ್ಲೇ ಇದೀಯ, ಏನೂ ಬದಲಾಗಿಲ್ಲ, ಯಾರೂ ಹೋಗಿಲ್ಲ ಅಂತ. ಪಾಪ, ಅದು ನಂಬಿಬಿಡುತ್ತೆ.”

ಬಾವಿ ಕಟ್ಟೆ ಮೇಲೆ ಇದನ್ನ ಹೇಳಿ ಮುಳ್ಳು ಸೋಪಿನ ಡಬ್ಬಿ ಪಕ್ಕಕ್ಕಿಟ್ಟ. ‘ಕಿರ್ರ್...’ ಅಂತು ಜಾಲರಿ.

“ನಂಬಿದ್ದು ಆಟ ಒಂದೇ ಅಲ್ಲ ಭಾವ.”

ಮೊದಲು ಆಟ ಸರಿಯಾಗಿ ನಡೀಲಿಲ್ವಂತೆ. ಒಂದು ಸಲ ಸ್ಕ್ರೀನೆಲ್ಲ ಕಪ್ಪು. ಒಂದು ಸಲ ನಟ್ಟನಡುವೆ ಬೆಂಕಿಪೊಟ್ಟಣದಷ್ಟು ಚಿತ್ರ. ಕಹಳೆ ಊದಬೇಕಾದಲ್ಲಿ ‘ಕರ್ರ್ ಕಟಕಟ’ ಅಂತ ಹಲ್ಲು ಕಡಿಯೋ ಸದ್ದು. ಮೌಸ್ ಇಲ್ಲ, ಸ್ಕ್ರೀನಲ್ಲಿನ ಬಾಣದ ಗುರುತನ್ನ ಬೆರಳಲ್ಲೇ ಎಳೀಬೇಕು, ಬೆರಳು ಒಂದು ಕಡೆ, ಬಾಣ ಇನ್ನೊಂದು ಕಡೆ. ಸೆಟ್ಟಿಂಗ್ ಬದಲಾಯಿಸಿ ಬದಲಾಯಿಸಿ ಕೊನೆಗೆ ಒಂದು ಮಧ್ಯಾಹ್ನ ನೆಟ್ಟಗೆ ಓಡಿತು. ‘ಪೆಂ... ಪೆಪೆಂ...’ ಅಂತ ಕಹಳೆ ಊದಿತು. ನಿಂತ ಜಾಗದಿಂದಲೇ ಶುರು. ಸರದಿ ಯಾರದು? ದಪ್ಪಣ್ಣನದು.

ಅವನಿಲ್ವಲ್ಲ. ಇವನೇ ಅವನ ಪರವಾಗಿ ಆಡಿದ. ಹೇಗೆ? ದಪ್ಪಣ್ಣನ ಸೈನ್ಯವನ್ನೆಲ್ಲ ಸಾಲಾಗಿ ನಡೆಸಿಕೊಂಡು ಹೋಗಿ ಕೆರೆಗೆ ಇಳಿಸಿದ.

“ಸತ್ತ ಮೇಲಾದರೂ ಅವನು ಸೋಲೋದು ನೋಡಬೇಕಿತ್ತು ಭಾವ. ಒಬ್ಬೊಬ್ಬ ಸೈನಿಕ ಮುಳುಗಿದಾಗಲೂ ‘ಬುಳುಕ್’ ಅಂತಿತ್ತು. ಎಷ್ಟು ಖುಷಿ ಆಯ್ತು ಗೊತ್ತಾ!”

“ಥೂ ನಿನ್ನ,” ಅಂದೆ.

ಸಂಜೆ ಹೊತ್ತಿಗೆ ಅಣ್ಣನ ಕೈಲಿ ಉಳಿದದ್ದು ಹಿತ್ತಲು ಕೋಟೆ ಮಾತ್ರ. ಇನ್ನೊಂದು ಸರದಿಲಿ ಅದೂ ಮುಗೀತಿತ್ತು. ಮುಳ್ಳು ‘ಸರದಿ ಮುಗೀತು’ ಒತ್ತಿದ. ಆಗ ಆಯ್ತು ನೋಡಿ ಎಡವಟ್ಟು. ಖುಷೀಲಿದ್ದನಲ್ಲ, ಮೈಮರೆತಿದ್ದ. ಚಿಕ್ಕಂದಿನ ಅಭ್ಯಾಸ. ಬೆರಳ ಗೆಣ್ಣಿಂದ ಮೇಜಿಗೆ ‘ಟಕ್ ಟಕ್’ ಅಂತ ಬಡಿದ. ಎದ್ದ. ಗೋಡೆಗೆ ಮುಖ ಮಾಡಿ ನಿಂತ.

ನಿಂತ ಮೇಲೆ, ಇದೇನು ಮಾಡ್ತಿದೀನಿ ನಾನು ಅಂತ ಅವನಿಗೇ ನಗು ಬಂತಂತೆ.

ಹಿಂದೆ... ‘ಪುಸ್ಸ್ಸ್ಸ್ಸ್...’

‘ಡುಬ್.’

ನಗು ಹೋಯ್ತು. ಗೋಡೆ ಮೇಲಿನ ಗಡಿಯಾರಗಳೆಲ್ಲ ‘ಟಿಕ್ ಟಿಕ್’ ಅಂತಿದ್ದವು. ಟ್ಯಾಬ್ಲೆಟ್ಟಿನ ಗಾಜಿನ ಮೇಲೆ ಏನೋ ಉಜ್ಜಿದ ಹಾಗೆ ‘ಸೂಯ್... ಸೂಯ್...’ ದಪ್ಪ ಬೆರಳು ಎಳೆದ ಹಾಗೆ. ಕಹಳೆ ಒಂದು ಸಲ ಊದಿತು. ಆಮೇಲೆ ಮೇಜಿನ ಮೇಲೆ...

‘ಟಕ್ ಟಕ್.’

ತಿರುಗಿದ. ಯಾರೂ ಇಲ್ಲ. ಕುರ್ಚಿ ಮೆಲ್ಲಗೆ ಮೇಲೆ ಬರ್ತಿತ್ತು. ಸ್ಕ್ರೀನಲ್ಲಿ ಅಡುಗೆಮನೆ ಕೋಟೆ ಮೇಲೆ ದಪ್ಪಣ್ಣನ ಕೆಂಪು ಬಾವುಟ.

ಕೆಳಗೋಡಿದ, ನೀರು ಕುಡಿಯೋಣ ಅಂತ. ಅಡುಗೆಮನೆ ಹತ್ತಿರ ಹೋದ ಕೂಡಲೇ ಬಾಗಿಲು ಮುಖದ ಮೇಲೇ ಮುಚ್ಚಿತು. ಒಳಗಿಂದ ಚಿಲಕ ‘ಸರ್ರ್... ಟಕ್’. ಅತ್ತಿಗೆ ಕೆಲಸದಿಂದ ಬಂದರು, ತಳ್ಳಿದರು, ತೆರೀತು. ಇವನು ಅವರ ಹಿಂದೆಯೇ ಹೆಜ್ಜೆ ಇಟ್ಟ, ‘ಸರ್ರ್... ಟಕ್’. ಅತ್ತಿಗೆ ಒಳಗೆ, ಇವನು ಹೊರಗೆ. ಅವತ್ತಿಂದ ಊಟ ಹಿತ್ತಲ ಕಿಟಕಿ ಸರಳಿನ ಸಂದೀಲಿ. ಜೈಲಲ್ಲಿ ಕೊಟ್ಟ ಹಾಗೆ ತಟ್ಟೆ ಓರೆ ಮಾಡಿ.

“ಆಟ ಅಳಿಸಿ ಹಾಕಬೇಕಿತ್ತು ಕಣೋ,” ಅಂದೆ.

“ಅಳಿಸಿದೆ. ಬಾಗಿಲು ತೆರೀಲಿಲ್ಲ. ಮತ್ತೆ ಹಾಕಿದೆ. ಅಡುಗೆಮನೆ ವಾಪಸ್ ಗೆಲ್ಲಬೇಕಲ್ಲ.”

ನೋಡಿ, ಹಟ ಅಂದ್ರೆ ಇದು. ಬೇರೆಯವರಾಗಿದ್ದರೆ ಊರು ಬಿಟ್ಟು ಓಡ್ತಿದ್ದರು. ಇವನು ಮಾರನೇ ಮಧ್ಯಾಹ್ನ ಮತ್ತೆ ಕೂತ. ತನ್ನ ಸರದಿ ಆಡಿದ, ಟಕ್ ಟಕ್ ಬಡಿದ, ಗೋಡೆಗೆ ಮುಖ ಮಾಡಿದ. ಎದುರಿಗೇ ಒಂದು ದೊಡ್ಡ ಗಡಿಯಾರ ಇತ್ತು, ಗಾಜು ಅವನೇ ಹೊಸದಾಗಿ ಹಾಕಿ ಒರೆಸಿಟ್ಟದ್ದು. ಆ ಗಾಜಲ್ಲಿ ಹಿಂದಿನ ಮೇಜು ಕಾಣ್ತಿತ್ತು. ತಿರುಗಬಾರದು ಅಂತ ತಾನೇ ನಿಯಮ? ಇವನು ತಿರುಗಲಿಲ್ಲ. ಗಾಜಲ್ಲಿ ನೋಡಿದ.

ಕುರ್ಚಿ ಖಾಲಿ. ಆದರೆ ಪೂರ್ತಿ ಕೆಳಗಿಳಿದಿದೆ. ಸೀಟು ನಡುವೆ ತಗ್ಗಾಗಿದೆ. ಸ್ಕ್ರೀನ್ ಮೇಲೆ ಬಾಣ ತಾನೇ ಓಡಾಡ್ತಿದೆ, ಓಡಾಡ್ತಿದೆ... ನಿಂತಿತು.

ಕುರ್ಚಿ ‘ಕ್ರೀಂಯ್ಕ್’ ಅಂತ ಇವನ ಕಡೆ ತಿರುಗಿತು.

ಅವತ್ತು ಹೋದದ್ದು ಬಚ್ಚಲು. ಯುದ್ಧ ಇಲ್ಲ, ಏನಿಲ್ಲ, ಸುಮ್ಮನೆ ಬಾವುಟ ಬದಲಾಗಿತ್ತು. ದಂಡ. ಮುಳ್ಳು ಅತ್ತಿಗೆ ಹತ್ತಿರ ದೂರು ತಗೊಂಡು ಹೋದ. “ಅವನಿಗೆ ಹೇಳಿ ಅತ್ತಿಗೆ, ನಾನು ತಿರುಗಿಲ್ಲ. ಗಾಜಲ್ಲಿ ಕಂಡರೆ ಅದು ತಿರುಗಿದ ಲೆಕ್ಕಕ್ಕೆ ಬರಲ್ಲ.”

ಅತ್ತಿಗೆ ಬಟ್ಟೆ ಮಡಿಸ್ತಿದ್ದರಂತೆ. ತಲೆ ಎತ್ತಲಿಲ್ಲ. “ಹೋದರು, ಇನ್ನು ಈ ಕೆಲಸ ತಪ್ಪಿತು ಅಂದ್ಕೊಂಡಿದ್ದೆ,” ಅಂದರು. ಎದ್ದು ಮೆಟ್ಟಿಲ ಕೆಳಗೆ ನಿಂತು ಮೇಲೆ ಮುಖ ಮಾಡಿ ಹೇಳಿದರು. “ರೀ, ಗಾಜಲ್ಲಿ ನೋಡಿದ್ದು ಲೆಕ್ಕಕ್ಕಿಲ್ವಂತೆ.”

ಮೇಲೆ ‘ಟಕ್’ ಅಂತು. ಒಂದೇ ಸಲ.

“ಇಲ್ಲ ಅಂತಾರಪ್ಪ,” ಅಂದರು ಅತ್ತಿಗೆ. ಮತ್ತೆ ಬಟ್ಟೆ ಮಡಿಸೋಕೆ ಕೂತರು. “ನೀನು ಆ ರೂಮು ಬಿಟ್ಟುಬಿಡು. ನನಗೆ ಸಾಕಾಗಿದೆ.”

“ನನ್ನ ಕಣ್ಣು ಹೋಗುತ್ತೆ ಅತ್ತಿಗೆ. ಬೆಳಕಿಲ್ಲದೆ ಏನು ಮಾಡಲಿ?”

“ನನಗೇನು ಹೇಳ್ತೀಯ? ಕೆರೆಗೆ ಇಳಿಸಿದವನು ನೀನು.”

ಅದು ಅವರಿಗೆ ಹೇಗೆ ಗೊತ್ತಾಯ್ತು ಅಂತ ಮುಳ್ಳು ಕೇಳಲಿಲ್ಲ. ಕೇಳೋ ಧೈರ್ಯ ಇರಲಿಲ್ಲ. ಟವೆಲ್ ಹೆಗಲಿಗೆ ಹಾಕಿಕೊಂಡು ಸ್ನಾನಕ್ಕೆ ನಮ್ಮನೆಗೆ ಬರೋಕೆ ಶುರು ಮಾಡಿದ. ನಾನು ಪಾಪ, ನಲ್ಲಿ ಕೆಟ್ಟಿರಬೇಕು ಅಂದ್ಕೊಂಡಿದ್ದೆ.

ಅವತ್ತು ಅವನನ್ನ ಮನೆ ಬಾಗಿಲ ತನಕ ಬಿಟ್ಟೆ. ಒಳಗೆ ಹೋಗಲಿಲ್ಲ. ನಾನು ಧೈರ್ಯವಂತನೇ, ಆದರೆ ಮನೇಲಿ ಹೆಂಡತಿ ಕಾಯ್ತಿರ್ತಾಳಲ್ಲ.

ಆಮೇಲೆ ಅವನೊಂದು ಕಿತಾಪತಿ ಮಾಡಿದ. ಕೆಲವು ದಿನ ನಮ್ಮನೆ ಕಡೆ ಬರಲಿಲ್ಲ. ದಾರೀಲಿ ಸಿಕ್ಕಿದಾಗ ಕೂದಲಿಗೆ ಎಣ್ಣೆ ಹಚ್ಚಿ ಮಿಂದು ಮಿಂಚ್ತಿದ್ದ.

“ಏನೋ, ಬಚ್ಚಲು ಗೆದ್ಯಾ?”

“ಗೆಲ್ಲೋದ್ಯಾಕೆ?” ಕಣ್ಣು ಮಿಟುಕಿಸಿದ. “ಮೊದಲ ದಿನ ಗೆಲ್ತಿದ್ದಾಗಲೇ ಸೇವ್ ಫೈಲಿನ ನಕಲು ಇಟ್ಟಿದ್ದೆ. ಈಗಿನದನ್ನ ಅಳಿಸಿ ಅದನ್ನ ಹಾಕಿದೆ. ಅಡುಗೆಮನೆ, ಬಚ್ಚಲು ಎಲ್ಲ ವಾಪಸ್ ನನ್ನ ಬಾವುಟ. ಬಾಗಿಲುಗಳೂ ತೆರೆದವು. ಅವನಿಗೆ ಗೊತ್ತೇ ಆಗಿಲ್ಲ ಭಾವ!”

“ಅಷ್ಟು ದಡ್ಡನಾ ದಪ್ಪಣ್ಣ?”

“ಆಟನೇ ನಂಬುತ್ತಂತೆ, ಅವನು ನಂಬಲ್ವಾ?”

ನಂಬಲಿಲ್ಲ.

ಮಾರನೇ ಮಧ್ಯಾಹ್ನ ಮುಳ್ಳು ಬಚ್ಚಲಲ್ಲಿ ಮುಖಕ್ಕೆ ಸೋಪು ಹಚ್ಚಿದ್ದ, ಕಣ್ಣು ಮುಚ್ಚಿತ್ತು. ಹೊರಗಿಂದ ಚಿಲಕ ‘ಸರ್ರ್... ಟಕ್’. ನಲ್ಲಿ ‘ಗೊರ್ರ್’ ಅಂದು ನಿಂತಿತು. ಕಣ್ಣು ಉರೀತಿದೆ. ಬಾಗಿಲು ತಡವಿದ, ತೆರೀಲಿಲ್ಲ. ಬಾಗಿಲ ಆಚೆ ಯಾರೋ ಉಸಿರಾಡ್ತಿದಾರೆ. ಮೆಟ್ಟಿಲು ಹತ್ತಿ ಇಳಿದರೆ ದಪ್ಪಣ್ಣ ಹಾಗೇ ಉಸಿರಾಡ್ತಿದ್ದ, ಮೂಗಿಂದ, ‘ಹ್ಞುಸ್... ಹ್ಞುಸ್...’

“ಅಣ್ಣಾ,” ಅಂದನಂತೆ ಮುಳ್ಳು. ಎಷ್ಟೋ ವರ್ಷಕ್ಕೆ ನೇರವಾಗಿ ಆಡಿದ ಮೊದಲ ಮಾತು. “ಅಣ್ಣಾ, ತೆಗಿಯೋ. ಕಣ್ಣು ಉರೀತಿದೆ.”

ಉಸಿರು ನಿಂತಿತು. ಬಾಗಿಲ ಮೇಲೆ, ಸರಿಯಾಗಿ ಇವನ ಹಣೆ ಎತ್ತರಕ್ಕೆ...

‘ಟಕ್ ಟಕ್.’

ಆಮೇಲೆ ಮೆಟ್ಟಿಲ ಮೇಲೆ ಭಾರವಾದ ಹೆಜ್ಜೆ, ಮೇಲಕ್ಕೆ.

ಸಂಜೆ ಅತ್ತಿಗೆ ಬಂದು ಚಿಲಕ ತೆಗೆದಾಗ ಇವನ ಮುಖದ ಮೇಲೆ ಸೋಪು ಒಣಗಿ ಬಿರುಕು ಬಿಟ್ಟಿತ್ತು. ಹಾಗೇ ಮೇಲೆ ಓಡಿದ. ರಿಪೇರಿಗೆ ಬಂದಿದ್ದ ವಾಚು, ಗಡಿಯಾರ, ಒಂದೂ ಬಿಡದೆ ಎಲ್ಲದರ ಗಾಜು ತೆಗೆದು ಜೋಡಿಸಿಟ್ಟಿತ್ತು. ಒಂದು ಗಾಜೂ ಒಡೆದಿಲ್ಲ. ಮುಳ್ಳುಗಳನ್ನ ಮಾತ್ರ ಕಿತ್ತು, ದೊಡ್ಡದು ಚಿಕ್ಕದು ಎಲ್ಲ ಸೇರಿಸಿ, ಟ್ಯಾಬ್ಲೆಟ್ ಮೇಲೆ ಗುಡ್ಡೆ ಹಾಕಿತ್ತು. ಊರವರ ವಾಚುಗಳೆಲ್ಲ ಬೋಳು ಮುಖ ಮಾಡ್ಕೊಂಡು ಇವನನ್ನೇ ನೋಡ್ತಿದ್ದವು. ಒಳಗೆ ಯಂತ್ರ ಮಾತ್ರ ‘ಟಿಕ್ ಟಿಕ್’ ಅಂತಲೇ ಇತ್ತು.

ಇವನು ಆ ಗುಡ್ಡೆ ಸರಿಸಿ ಸ್ಕ್ರೀನ್ ನೋಡಿದ. ಅಡುಗೆಮನೆ, ಬಚ್ಚಲು, ಹಜಾರ, ಎಲ್ಲದರ ಮೇಲೂ ಕೆಂಪು ಬಾವುಟ. ಮಹಡಿ ಒಂದೇ ಇವನದು. ಅದರ ಸುತ್ತ ಸೈನ್ಯ. “ಒದ್ದೆ ಸೈನ್ಯ ಭಾವ, ನೀರು ಸುರೀತಿತ್ತು,” ಅಂತ ಆಮೇಲೆ ಹೇಳಿದ. ಆ ಆಟದಲ್ಲಿ ಅಂಥ ಚಿತ್ರವೇ ಇಲ್ಲ. ಕೋಟೆ ಹೆಸರು ಮಹಡಿ ಅಂತಿದ್ದದ್ದನ್ನ ಯಾರೋ ಅಳಿಸಿ, ಇಂಗ್ಲಿಷ್ ಅಕ್ಷರದಲ್ಲಿ ‘ಕಳ್ಳ’ ಅಂತ ಬರೆದಿದ್ದರು.

ಅದೂ ಬಿದ್ದರೆ ಆ ಮನೇಲಿ ಕಾಲಿಡೋಕೆ ಇವನಿಗೆ ಜಾಗ ಇರಲಿಲ್ಲ. ಯೋಚನೆ ಮಾಡೋಕೇನೂ ಉಳಿದಿರಲಿಲ್ಲ. ಮೂಲೇಲಿ ‘ಶರಣು’ ಅಂತ ಒಂದು ಗುಂಡಿ ಇತ್ತು. ಚಿಕ್ಕಂದಿನಲ್ಲಿ ಇಬ್ಬರೂ ಒಂದು ದಿನವೂ ಮುಟ್ಟದೇ ಇದ್ದ ಗುಂಡಿ. ಒತ್ತಿದ. ‘ನಿಜವಾಗಲೂ?’ ಅಂತ ಕೇಳಿತು. ಹೌದು ಅಂದ. ಕಹಳೆ ‘ಪೆಂ...’ ಅಂತ ಊದಿ ಅರ್ಧಕ್ಕೆ ನಿಂತಿತು.

ಇವನು ಮೇಜಿಗೆ ಟಕ್ ಟಕ್ ಬಡಿದು, ಎದ್ದು, ಗೋಡೆ ಕಡೆ ತಿರುಗಿದ. ಈ ಸಲ ಗಡಿಯಾರವೇ ಇಲ್ಲದ ಜಾಗ ನೋಡಿ ನಿಂತ.

‘ಪುಸ್ಸ್ಸ್ಸ್ಸ್... ಡುಬ್.’

ಆಮೇಲೆ ಏನೂ ಇಲ್ಲ. ಟಕ್ ಟಕ್ ಬರಲಿಲ್ಲ. ಬರದೇ ತಿರುಗೋ ಹಾಗಿಲ್ಲ. ಕಾಲು ನೋವು ಬಂತು, ಜೋಮು ಹಿಡೀತು, ಕಿಟಕಿ ಬೆಳಕು ಗೋಡೆ ಮೇಲೆ ಸರಿದು ಸರಿದು ಆರಿಹೋಯ್ತು. ನಿಂತೇ ಇದ್ದ. ಎಷ್ಟೋ ಹೊತ್ತಾದ ಮೇಲೆ ‘ಟಕ್ ಟಕ್’. ತಿರುಗಿದ. ಅತ್ತಿಗೆ ಬಾಗಿಲಲ್ಲಿ ನಿಂತಿದ್ದರು.

“ಊಟ ಆರ್ತಿದೆ. ಕೆಳಗೆ ಬಾ,” ಅಂದರು. ಕುರ್ಚಿ ಕಡೆ ನೋಡಿ, “ನಿಮಗೆ ಇಲ್ಲಿಗೇ ತರ್ತೀನಿ ಅಂತ ಕಾಯಬೇಡಿ,” ಅಂದರು. ವಾಚು, ಗಡಿಯಾರ, ಮುಳ್ಳಿನ ಗುಡ್ಡೆ ಎಲ್ಲ ಕೆಳಗೆ ಸಾಗಿಸಿದ ಮೇಲೆ ಬೀಗ ಹಾಕಿದರು. ಬೀಗದ ಕೈ ಈಗಲೂ ಅವರ ಹತ್ತಿರವೇ.

ಬಾಗಿಲುಗಳು ಈಗ ಅವನಿಗೆ ತೆರೀತವೆ. ಅಡುಗೆಮನೇಲಿ ಉಣ್ತಾನೆ, ಬಚ್ಚಲಲ್ಲಿ ಮೀತಾನೆ, ಕಣ್ಣು ತೆರೆದುಕೊಂಡೇ ಸೋಪು ಹಚ್ತಾನೆ. ಹಜಾರದಲ್ಲಿ ಟ್ಯೂಬ್‌ಲೈಟ್ ಅಡಿ ಆ ಗುಡ್ಡೆಯಿಂದ ಒಂದೊಂದೇ ಮುಳ್ಳು ಹೆಕ್ಕಿ, ಯಾವುದು ಯಾವ ವಾಚಿಂದು ಅಂತ ಹುಡುಕಿ ಹಾಕ್ತಿದಾನೆ. ಇನ್ನೂ ಮುಗಿದಿಲ್ಲ. ಕಣ್ಣು ಮೊದಲಿಗಿಂತ ಮಂಜು. ನೀವು ರಿಪೇರಿಗೆ ಕೊಟ್ಟಿದ್ದರೆ ವಾಪಸ್ ಬಂದದ್ದನ್ನ ಒಂದು ಸಲ ನೋಡ್ಕೊಳ್ಳಿ.

ಸುಳ್ಳು ಅನ್ನಿಸಿದರೆ ನನ್ನ ಈ ಕೈ ನೋಡಿ. ಇಷ್ಟು ದಿನ ಪಟ್ಟಿ ಕಟ್ಟಿತ್ತಲ್ಲ, ಸ್ಕೂಟರಿಂದ ಬಿದ್ದೆ ಅಂತ ಹೇಳಿದ್ದೆ. ಸ್ಕೂಟರಲ್ಲ. ಆ ರೂಮಿನ ಬಾಗಿಲ ಮೇಲೆ ಒಂದು ಸಣ್ಣ ಬೆಳಕಿಂಡಿ ಇದೆ. ಹೋದ ತಿಂಗಳು ಹಾಡಹಗಲಲ್ಲಿ ಸ್ಟೂಲ್ ಹತ್ತಿ ಇಣುಕಿದೆ. ಬೀಗ ಹಾಗೇ ಇತ್ತು. ಕಿಟಕಿಗಳು ಮುಚ್ಚಿದ್ದವು. ಟ್ಯಾಬ್ಲೆಟ್ ಮೇಜಿನ ಮೇಲೆ ಸತ್ತು ಬಿದ್ದಿತ್ತು, ಚಾರ್ಜ್ ಮಾಡೋರು ಯಾರು, ಮೇಲೆಲ್ಲ ಧೂಳು. ಮೇಜಿನ ಮೇಲೂ ಧೂಳು, ನೆಲದ ಮೇಲೂ ಧೂಳು. ಆಮೇಲೆ ಕುರ್ಚಿ ನೋಡಿದೆ. ಆಗಲೇ ಸ್ಟೂಲಿಂದ ಬಿದ್ದದ್ದು.

ಖಾಲಿ ಕುರ್ಚಿ ತಾನೇ ಮೇಲೆ ಬರುತ್ತೆ ಅಂತ ಹೇಳಿದ್ದೆನಲ್ಲ.

ಅದು ಇನ್ನೂ ಮೇಲೆ ಬಂದಿಲ್ಲ.